ಹೊಸ್ತಿಲಿಗೆ ಚೆಲ್ಲಿದ ನೀರು

ಹೊಳೆಯಾಚೆ ಬೇರೆ ದೇಶ. ಅಲ್ಲಿ ಸೈನ್ಯ ತನ್ನ ಜನರ ಮೇಲೆಯೇ ತಿರುಗಿಬಿದ್ದು ಅಂತರ್ಯುದ್ಧ ಹೊತ್ತಿಕೊಂಡ ಮೇಲೆ, ದಾಟಿ ಬಂದ ತನ್ನ ಕುಲದವರನ್ನೆಲ್ಲ ಆಕೆ ಹಿತ್ತಲ ಕೊಟ್ಟಿಗೆಯಲ್ಲಿ ಬಚ್ಚಿಟ್ಟಿದ್ದಳು. ಯಾರೇ ಬರಲಿ, ಮೊದಲು ಒಂದು ಲೋಟ ನೀರು ಕೊಡುವಳು. ಕುಲದವರಾದರೆ ತೀರಿಕೊಂಡ ಹಿರಿಯರಿಗೆಂದು ಹೊಸ್ತಿಲಿಗೆ ಒಂದಿಷ್ಟು ಚೆಲ್ಲಿ, ಆಮೇಲೆ ಕುಡಿಯುತ್ತಾರೆ. ಆಚೆಯ ಸೈನಿಕರಿಗೆ ಅದೆಲ್ಲ ಗೊತ್ತಿಲ್ಲ.

ಆಚೆ ದಡಕ್ಕೆ ಕೊಟ್ಟಿದ್ದ ತಂಗಿಯ ಗಂಡ ನಿನ್ನೆ ಒಬ್ಬನೇ ಬಂದಿದ್ದ.

“ಅವಳೆಲ್ಲಪ್ಪಾ?”

“ಹಿಂದಿನಿಂದ ಬರ್ತಾಳೆ ಅಕ್ಕಾ,” ಎಂದವನು ತಲೆ ಎತ್ತಿರಲಿಲ್ಲ.

ಇವತ್ತು ಮಧ್ಯಾಹ್ನ ಅಪರಿಚಿತನೊಬ್ಬ ಬಾಗಿಲಿಗೆ ಬಂದ. ನೀರು ಕೊಟ್ಟಳು. ಆತ ಹೊಸ್ತಿಲಿಗೆ ಒಂದಿಷ್ಟು ಚೆಲ್ಲಿ, ಕಣ್ಣು ಮುಚ್ಚಿ ಕುಡಿದ.

“ನಮ್ಮೋನೇ ಕಣಪ್ಪಾ ನೀನು. ಬಾ, ಎಲ್ರೂ ಇಲ್ಲೇ ಇದಾರೆ,” ಎಂದು ಕೊಟ್ಟಿಗೆಯ ಬಾಗಿಲು ತೆರೆದಳು.

ಆತ ಸೊಂಟದಿಂದ ಪಿಸ್ತೂಲು ತೆಗೆದು ಸಿಳ್ಳೆ ಹಾಕಿದ. ಹೊಳೆಯಂಚಿನ ಪೊದೆಗಳಿಂದ ಬಂದೂಕುಗಳು ಎದ್ದುನಿಂತವು.

ತಂಗಿಯ ಗಂಡ ಓಡಿಬಂದು ಆತನ ಕಾಲು ಹಿಡಿದುಕೊಂಡ.

“ನೀರು ಚೆಲ್ಲೋದು ಹೇಳ್ಕೊಟ್ಟಿದ್ದೀನಲ್ಲ ಸ್ವಾಮೀ, ಇನ್ನಾದ್ರೂ ನನ್ನ ಹೆಂಡ್ತೀನ ಬಿಟ್ಬಿಡಿ!”