ಮೂರು ಲೋಕದ ಗಿರಣಿ

ಮೂರು ಲೋಕಗಳು ಕೂಡುವ ಜಾಗದಲ್ಲೇ ಊರಿನ ಹಿಟ್ಟಿನ ಗಿರಣಿ ಇತ್ತು. ಮೂರರಲ್ಲೂ ಇದೇ ಊರು, ಇವೇ ಮುಖಗಳು. ಅಲ್ಲಿಂದ ಬಂದವರು ತಮ್ಮವರೇ ಹೌದೋ ಅಲ್ಲವೋ ಎಂದು ಕೇಳಿಯೇ ಬಾಗಿಲು ತೆಗೆಯುವುದು ಮನೆಮನೆಯ ರೂಢಿ.

ಜೋಳದ ಹಿಟ್ಟು ಹೊತ್ತು ಬಂದ ತಂಗೆವ್ವ ಬಾಗಿಲು ಬಡಿದಳು.

"ಮುಂಜಾನೆ ಕೂಸಿಗೆ ನೀರು ಎರಿಯೋವಾಗ ಏನಂದ್ರಿ?" ಸೊಸೆ ಕಸ್ತೂರಿ ಒಳಗಿನಿಂದಲೇ ಕೇಳಿದಳು.

"ನಿಮ್ಮವ್ವನ ಮೂಗು ನಿನಗ ಬರಬಾರದಿತ್ತು ಅಂದೆ. ತೆಗಿಯವ್ವ, ಕುತ್ತಿಗಿ ನೋಯಾಕತ್ತೈತಿ."

ಕಸ್ತೂರಿ ನಗಲಿಲ್ಲ.

"ಖರೇ ಐತ್ರಿ ಅತ್ತಿ. ಆದ್ರ ನಿಮಗಿಂತ ಮದ್ಲು ಬಂದಾಕಿನೂ ಅದನ್ನೇ ಅಂದ್ಲು."

ಒಳಗೆ ತೊಟ್ಟಿಲು ಕಿರುಗುಟ್ಟುತ್ತಿತ್ತು. ತಂಗೆವ್ವನದೇ ದನಿ ಜೋಗುಳ ಹಾಡುತ್ತಿತ್ತು. ಕೂಸು ಕಿಲಕಿಲ ನಗುತ್ತಿತ್ತು.

ತಂಗೆವ್ವ ಹಿಟ್ಟಿನ ಡಬ್ಬಿಯನ್ನಿಳಿಸಿ ಕಟ್ಟೆಯ ಮೇಲೆ ಕುಸಿದಳು. ಅಷ್ಟರಲ್ಲಿ ಓಣಿಯ ತಿರುವಿನಲ್ಲಿ ತನ್ನದೇ ಸೀರೆ, ತನ್ನದೇ ಕುಂಟು ನಡಿಗೆ, ತಲೆಯ ಮೇಲೆ ಅಂಥದೇ ಡಬ್ಬಿ ಕಾಣಿಸಿತು.

ತಂಗೆವ್ವ ಸ್ವಲ್ಪ ಸರಿದು ಕೂತು, ಆಕೆಗೂ ಜಾಗ ಮಾಡಿದಳು.