ಮೊದಲ ಆಟದ ಕಾಪಿ

ಹೊಸ ಸಿನಿಮಾವನ್ನು ಯಾರೋ ಥಿಯೇಟರಿನಲ್ಲೇ ಫೋನಿನಲ್ಲಿ ತೆಗೆದು ಊರಿಗೆಲ್ಲ ಹಂಚಿದ್ದರು. ಅದು ಹೊರಟಿದ್ದು ಈ ಅಪ್ಪ-ಮಗಳ ಮನೆಯಲ್ಲಿದ್ದ ಒಂದೇ ಒಂದು ಫೋನಿನಿಂದ ಎಂದು ಪೊಲೀಸರಿಗೆ ಗೊತ್ತಾಗಿತ್ತು. ಮನೆಯಿಂದ ಆಟಕ್ಕೆ ಹೋದವರು ಅಪ್ಪ, ಮಗಳು ವನಜಾ ಇಬ್ಬರೇ. ಮಗಳಿಗೆ ಸರ್ಕಾರಿ ಶಾಲೆಯ ಟೀಚರ್ ಕೆಲಸ ಕೈಗೆ ಬರುವುದರಲ್ಲಿತ್ತು. ಕೇಸು ಬಿದ್ದರೆ ಅದು ಗೋವಿಂದ.

ಅಪ್ಪ ಠಾಣೆಯಲ್ಲಿ ಇನ್‌ಸ್ಪೆಕ್ಟರ್ ಮುಂದೆ ಎದೆ ಸೆಟೆದು ನಿಂತ.

“ತೆಗೆದೋನು ನಾನೇ ಸ್ವಾಮಿ. ಬರ್ಕೊಳ್ಳಿ.”

“ಮೂರು ವರ್ಷದವರೆಗೂ ಜೈಲಾಗುತ್ತೆ ಯಜಮಾನ್ರೇ.”

“ಆಗ್ಲಿ.”

“ನಿಮಗೆ ವಿಡಿಯೊ ತೆಗೆಯೋಕೆ ಬರುತ್ತಾ?”

“ಯಾಕೆ, ನನ್ನ ಮುಖ ನೋಡಿದ್ರೆ ಹೆಬ್ಬೆಟ್ಟಿನವನ ಥರ ಕಾಣ್ತದಾ?”

ಬೆಂಚಿನ ಮೇಲಿದ್ದ ಮಗಳು ಎದ್ದಳು. “ಅಪ್ಪಾ, ಬೇಡ.”

“ಕೂತ್ಕೊ ನೀನು. ಇವಳಿಗೆ ಇದರ ಗಂಧಗಾಳಿನೂ ಗೊತ್ತಿಲ್ಲ ಸ್ವಾಮಿ. ಬಾಯಿ ಬಿಟ್ಕೊಂಡು ಸಿನಿಮಾ ನೋಡ್ತಾ ಕೂತಿದ್ಲು.”

ಇನ್‌ಸ್ಪೆಕ್ಟರ್ ಕಂಪ್ಯೂಟರನ್ನು ಅವನತ್ತ ತಿರುಗಿಸಿ, ಆ ಕಾಪಿಯನ್ನು ಹಾಕಿ, ಸದ್ದು ಏರಿಸಿದರು. ತೆರೆಯ ಮೇಲೆ ಹೀರೊ ಬಂದ. ಜನ ಶಿಳ್ಳೆ ಹೊಡೆದರು. ಅದರ ನಡುವೆ, ಫೋನಿನ ತೀರಾ ಪಕ್ಕದಿಂದ, ಅಪ್ಪನದೇ ದನಿ ಕೇಳಿಸಿತು:

“ಎಷ್ಟೊತ್ತು ಅಂತ ಹಿಡ್ಕೊಂಡಿರ್ತೀಯೇ ವನಜಾ, ಆ ಫೋನು ಒಳಗಿಟ್ಟು ಸಿನಿಮಾ ನೋಡು.”