ಮೇಯರ್ ಕ್ರಂಪ್ಟನ್‌ನ ದನಿ

“ಹೋಗಬೇಡ ಅಂತ ನಾನೆಲ್ಲಿ ಅಂದೆ? ಹೋದ್ರೆ ಈ ಮನೆ ಮನೆಯಾಗಿ ಇರಲ್ಲ ಅಂದೆ, ಅಷ್ಟೆ.”

ಮೇಯರ್ ಎಲೈಜಾ ಕ್ರಂಪ್ಟನ್ ಹೆಂಡತಿಗೆ ಹೀಗೆ ಹೇಳಿ, ತನ್ನ ಉದ್ದನೆಯ ಹ್ಯಾಟು ತೆಗೆದು ಸೋಫಾದ ಮೇಲೆ ಎಸೆದ. ಹ್ಯಾಟಿನಡಿಯಿಂದ ಸೈಪ್ರೆಸ್ ಊರಿನ ನಿವಾಸಿ, ಸಾಫ್ಟ್‌ವೇರ್ ಇಂಜಿನಿಯರ್ ಬದರಿನಾಥ ಹೊರಬಂದ.

“ಥತ್. ಈ ಮನುಷ್ಯನ ದನಿ ನಂಗೆ ಸಿಗ್ತಾನೇ ಇಲ್ಲ ಕಣೇ.”

ಎದುರಿಗೆ ನಿಂತ ರಾಜಲಕ್ಷ್ಮಿ ಈ ನಾಟಕದ ಮೇಯರಿಣಿ. ನಾಟಕ ಬರೆದವಳೂ ಅವಳೇ, ಬದರಿನಾಥನನ್ನು ಕಟ್ಟಿಕೊಂಡವಳೂ ಅವಳೇ.

“ಇನ್ನೊಂದ್ಸಲ ಹೇಳಿ,” ಎಂದಳು.

ದನಿ ಸಿಗದಿರುವುದು ಬದರಿನಾಥನ ಪಾಲಿಗೆ ಅವಮಾನ. ಕನ್ನಡ ಸಂಘದ ಕಾರ್ಯದರ್ಶಿ ಶ್ರೀಪತಿ ಮೂಗಿನಲ್ಲಿ ಮಾತಾಡುವುದನ್ನು ಅವನು ಶ್ರೀಪತಿಗಿಂತ ಚೆನ್ನಾಗಿ ಮಾಡುತ್ತಿದ್ದ. ಅತ್ತೆಯ ದನಿಯಲ್ಲಿ ಫೋನ್ ಮಾಡಿ ಮಾವನಿಂದಲೇ ಬೈಸಿಕೊಂಡಿದ್ದ. ಬದುಕಿದ್ದವರೆಲ್ಲ ಒಂದೇ ಭೇಟಿಯಲ್ಲಿ ಗಂಟಲಿಗೆ ಬೀಳುತ್ತಿದ್ದರು. ಸತ್ತ ಈ ಮೇಯರ್ ಒಬ್ಬ ಮಾತ್ರ ಹೀಗೆ ಸತಾಯಿಸುತ್ತಿದ್ದ.

ಹತ್ತಿರದ ಸಣ್ಣ ಊರೊಂದರ ಹಳೆಯ ಪುರಭವನ ಸಂಘಕ್ಕೆ ಪುಕ್ಕಟೆ ಸಿಗುತ್ತಿತ್ತು. ಷರತ್ತು ಒಂದೇ. ಸ್ಥಾಪಕರ ದಿನದಂದು ಅಲ್ಲಿನ ಹತ್ತೊಂಬತ್ತನೇ ಶತಮಾನದ ಮೇಯರ್ ಬಗ್ಗೆ ಏನಾದರೂ ಆಡಿ ತೋರಿಸಬೇಕು, ಯಾವ ಭಾಷೆಯಾದರೂ ಸರಿ. ಕ್ರಂಪ್ಟನ್ ಟೆನೆಸಿಯಿಂದ ಕುದುರೆಯೇರಿ ಬಂದವನು. ಬೇಲಿ ಜಗಳಗಳಲ್ಲಿ ವಕಾಲತ್ತು ಮಾಡಿ ಹೆಸರು ಗಳಿಸಿದ. ಬೀದಿಗೆ ಹಂದಿ ಬಿಡಬಾರದೆಂದು ಕಾನೂನು ತಂದು ಒಂದು ಚುನಾವಣೆ ಸೋತ. ಊರಿಗೆ ರೈಲು ತರುತ್ತೇನೆಂದು ಮುಂದಿನದು ಗೆದ್ದ. ಉಳಿದ ರಾಜಕಾರಣಿಗಳು ರೈಲು ಬಿಟ್ಟರು, ಇವನು ತಂದ. ಪುರಭವನದ ಮುಂದಿನ ಕಲ್ಲಿನಲ್ಲಿ ಇಷ್ಟು ಕೆತ್ತಿತ್ತು. ಹೆಚ್ಚಿನದಕ್ಕಾಗಿ ರಾಜಲಕ್ಷ್ಮಿ ಆಸ್ಟಿನ್‌ನ ಪತ್ರಾಗಾರಕ್ಕೂ ಹೋಗಿಬಂದಿದ್ದಳು. ಓದುವುದು ಅವಳ ಕೆಲಸ, ಒದರುವುದು ತನ್ನ ಕೆಲಸ ಎಂದು ಬದರಿನಾಥ ಮೊದಲೇ ಹಂಚಿಬಿಟ್ಟಿದ್ದ.

“ಇಷ್ಟು ಕೆಟ್ಟೋನನ್ನ ಸ್ಟೇಜ್ ಮೇಲೆ ತರ್ಬೇಕಾ?” ಎಂದು ಅವನೀಗ ಗೊಣಗಿದ. “ಹೆಂಡ್ತಿಗೆ ಆಸ್ಟಿನ್ನಲ್ಲಿ ಟೀಚರ್ ಕೆಲಸ ಸಿಕ್ಕಿದೆ. ಇವನು ಹೂಂ ಅನ್ನಲ್ಲ, ಊಹೂಂ ಅನ್ನಲ್ಲ. ಲಾಯರ್ ಬುದ್ಧಿ, ಮನೇಲೂ ವಾಯಿದೆ ಹಾಕ್ತಾನೆ. ಸ್ವಲ್ಪ ಮೆತ್ತಗೆ ಮಾಡು ಇವನನ್ನ.”

“ಮಾಡಲ್ಲ. ಅದರಲ್ಲಿ ಒಂದು ಮಾತೂ ನಾನು ಕಟ್ಟಿದ್ದಲ್ಲ.”

“ಹೀಗೇ ಅಂದಿದ್ದ ಅನ್ನೋಕೆ ಸಾಕ್ಷಿ?”

“ಹತ್ರದಿಂದ ಕೇಳಿಸ್ಕೊಂಡೋರ ಸಾಕ್ಷಿ.”

ಮೆಟ್ಟಿಲ ಮೇಲೆ ಕೂತು ಚಿಪ್ಸ್ ತಿನ್ನುತ್ತಿದ್ದ ಮಗಳು ಮಹತಿ ತಲೆಯೆತ್ತದೆ ಹೇಳಿದಳು: “ಅಪ್ಪಾ, ಜಸ್ಟ್ ಟಾಕ್ ನಾರ್ಮಲಿ.”

ಬದರಿನಾಥ ಅವಳನ್ನು ದುರುಗುಟ್ಟಿ ನೋಡಿದ. ನಟನೆಯ ಬಗ್ಗೆ ಈ ಮನೆಯಲ್ಲಿ ಯಾರಿಗೂ ಏನೂ ಗೊತ್ತಿಲ್ಲ.

“ಡಲ್ಲಾಸ್‌ನವರಿಗೆ ಸೋಮವಾರ ಉತ್ತರ ಕೊಡ್ಬೇಕು ರೀ,” ಎಂದಳು ರಾಜಲಕ್ಷ್ಮಿ.

ಅವಳ ಕಂಪನಿಯ ಡಲ್ಲಾಸ್ ಆಫೀಸಿನಲ್ಲಿ ಡೈರೆಕ್ಟರ್ ಹುದ್ದೆ ಅವಳಿಗಾಗಿ ಕಾದಿತ್ತು. ಹಿಂದೊಮ್ಮೆಯೂ ಹೀಗೇ ಕರೆದಿದ್ದರು. ಅವಳ ಉತ್ತರ ಹೋಗುವಷ್ಟರಲ್ಲಿ ಇನ್ನೊಬ್ಬ ಆ ಕುರ್ಚಿಯಲ್ಲಿ ಕೂತಿದ್ದ. ಮತ್ತೆ ಕರೆಯುವುದಿಲ್ಲವೆಂದು ಈ ಸಲ ಬಾಸ್ ಸ್ಪಷ್ಟವಾಗಿಯೇ ಹೇಳಿದ್ದ.

“ನಾಟಕ ಮುಗೀಲಿ, ಆಮೇಲೆ ಕೂತು ಮಾತಾಡೋಣ. ಈಗ ಮೂಡ್ ಕೆಡಿಸ್ಬೇಡ,” ಎಂದು ಬದರಿನಾಥ ಹ್ಯಾಟು ಹಾಕಿಕೊಂಡ.

ಅಂದಿನಿಂದ ಭಾನುವಾರದವರೆಗೆ ಇಬ್ಬರ ನಡುವೆ ನಾಟಕದ ಮಾತು ಬಿಟ್ಟು ಬೇರೆ ಮಾತಿರಲಿಲ್ಲ.

ಭಾನುವಾರ ಮಧ್ಯಾಹ್ನ ಪುರಭವನ ತುಂಬಿತ್ತು. ಬದರಿನಾಥ ಬಗೆಬಗೆಯ ಗಂಟಲು ಸಿದ್ಧಮಾಡಿಕೊಂಡು ಬಂದಿದ್ದ. ಊರ ಗೌಡನ ಗತ್ತು ಒಂದು, ಹಳೇ ಸಿನಿಮಾದ ಖಳನ ಗುಡುಗು ಇನ್ನೊಂದು. ಕೋರ್ಟಿನ ದೃಶ್ಯದಲ್ಲಿ ಅವು ನಡೆದವು. ರೈಲಿನ ದೃಶ್ಯದಲ್ಲಿ ಓಡಿದವು. ಮನೆಯ ದೃಶ್ಯಕ್ಕೆ ಬಂದಾಗ ಹಳಿ ತಪ್ಪಿದವು. ಕೊನೆಗೆ ಬೇಸತ್ತು, ಮನೆಯಲ್ಲಿ ಮಾತಾಡುವಂತೆ ಮಾತಾಡಿದ.

“ನಿನ್ನ ಒಳ್ಳೇದಕ್ಕೇ ಹೇಳ್ತಿರೋದು. ನಿಂಗೆ ಅರ್ಥ ಆಗಲ್ಲ ಬಿಡು.”

ಹಿಂದಿನ ಸಾಲಿನ ಹೆಂಗಸೊಬ್ಬಳು, “ಇಂಥೋನಿಗೂ ಊಟ ಬಡಿಸ್ತೀಯಲ್ಲಮ್ಮ,” ಎಂದಳು. ಇನ್ನೊಂದು ಮೂಲೆಯಿಂದ “ಮುಚ್ಚಯ್ಯ ಸಾಕು” ಬಂತು. ಪರದೆ ಬೀಳುವ ಹೊತ್ತಿಗೆ ಎಲೈಜಾ ಕ್ರಂಪ್ಟನ್‌ನನ್ನು ಹೊಡೆಯಲು ಅರ್ಧ ಸಭೆ ತಯಾರಾಗಿತ್ತು.

“ಹಿಂದಿನ ಬಾಗಿಲಿಂದ ಹೋಗಪ್ಪ ಬದರಿ,” ಎಂದ ಶ್ರೀಪತಿ, ಮೂಗಿನಲ್ಲೇ. “ಪಾರ್ಕಿಂಗ್ ಲಾಟಲ್ಲಿ ನಮ್ಮನೆಯವಳು ನಿನ್ನ ಹುಡುಕ್ತಾ ಇದ್ದಾಳೆ.”

ಊರಿನ ಇತಿಹಾಸ ಸಂಘದ ಬಿಳಿಗೂದಲ ಅಜ್ಜಿ ಕೈಕುಲುಕಿದಳು. ಕನ್ನಡ ತಿಳಿಯದಿದ್ದರೂ ಹಂದಿ ಗೊತ್ತಾಯಿತು, ರೈಲು ಗೊತ್ತಾಯಿತು ಎಂದಳು. ಮತ್ತೆ ಹುಬ್ಬು ಗಂಟಿಕ್ಕಿ ರಾಜಲಕ್ಷ್ಮಿಯ ಕಡೆ ನೋಡಿದಳು.

“ಹೂ ಈಸ್ ದ ಲೇಡಿ?”

“ಮೈ ವೈಫ್,” ಎಂದ ಬದರಿನಾಥ, ಹೆಮ್ಮೆಯಿಂದ.

ಕಾರು ಹೈವೇ ಹತ್ತಿತು. ಹಿಂದಿನ ಸೀಟಿನಲ್ಲಿ ಮಹತಿ ಕಿವಿಗೆ ಹೆಡ್‌ಫೋನ್ ಏರಿಸಿದಳು.

“ಏನು ಬೈಗುಳ, ಏನು ಬೈಗುಳ,” ಎಂದು ಬದರಿನಾಥ ಸ್ಟಿಯರಿಂಗ್ ತಟ್ಟಿದ. “ಆದ್ರೂ ಎಂಥ ಆಸಾಮಿ ನೋಡು ಅವನು. ಆ ಹೆಂಗ್ಸು ಹೆಂಗೆ ಬಾಳಿದ್ಳೋ. ನಾನು ಅವಳ ಜಾಗದಲ್ಲಿ ಇದ್ದಿದ್ರೆ ಅವನನ್ನ ಒಂದು ಮಾತೂ ಕೇಳ್ದೆ ಹೊರಟುಬಿಡ್ತಿದ್ದೆ.”

“ನಿಜವಾಗ್ಲೂ?”

“ದೇವರಾಣೆ.”

ರಾಜಲಕ್ಷ್ಮಿ ಫೋನ್ ತೆಗೆದು ಏನೋ ಟೈಪ್ ಮಾಡಿ ಕಳಿಸಿದಳು.

“ಯಾರಿಗೆ?”

“ಡಲ್ಲಾಸ್‌ನವರಿಗೆ. ಬರ್ತೀನಿ ಅಂತ.”

ಬದರಿನಾಥನ ಕಾಲು ತಾನಾಗಿ ಬ್ರೇಕಿನ ಮೇಲೆ ಹೋಯಿತು. ಹಿಂದಿನ ಟ್ರಕ್ಕು ಉದ್ದಕ್ಕೆ ಹಾರ್ನ್ ಬಾರಿಸಿತು.

“ಲೇ, ನಾನು ಹೇಳಿದ್ದು ಕ್ರಂಪ್ಟನ್ ಹೆಂಡ್ತಿ ವಿಷಯ.”

“ಕ್ರಂಪ್ಟನ್‌ಗೆ ಮದುವೇನೇ ಆಗಿರ್ಲಿಲ್ಲ ರೀ.”